ಕರೆ ಬಾರದ ಸಾಕ್ಷಿ

ನನ್ನ ಗಂಡನಿಗೆ ಹೊನ್ನಾಳಿಯವರು ಹಾರ ಹಾಕಿದ್ದು ಒಂದೇ ಸಲ. ಅವತ್ತೇ ಅವರ ಕೈಯಿಂದ ಮೈಕನ್ನೂ ಕಿತ್ತುಕೊಂಡರು.

ಎಪ್ಪತ್ತೊಂದರ ಯುದ್ಧ ಮುಗಿದ ಮೇಲಿನ ಬೇಸಿಗೆಯಲ್ಲಿ ಅವರು ರಜಕ್ಕೆ ಊರಿಗೆ ಬಂದಿದ್ದರು. ಮಿಲಿಟರಿಯಲ್ಲಿ ಲಾರಿ ಓಡಿಸುತ್ತಿದ್ದರು. ಶತ್ರುವಿನ ಮೇಲೆ ಗುಂಡು ಹಾರಿಸಿದವರಲ್ಲ, ಎದೆ ಮೇಲೆ ಪದಕ ಇರಲಿಲ್ಲ. ಆದರೆ ಊರಿಗೆ ಆಗ ಒಬ್ಬ ವೀರ ಬೇಕಾಗಿತ್ತು, ಕೈಗೆ ಸಿಕ್ಕವರು ಇವರು. ಹೈಸ್ಕೂಲು ಮೈದಾನದಲ್ಲಿ ಪೆಂಡಾಲು ಹಾಕಿಸಿದರು. ಅಧ್ಯಕ್ಷತೆ ನಮ್ಮೂರ ದೊಡ್ಡ ವಕೀಲರದು. ಮದುವೆ ಮನೆಯಲ್ಲಿ ಮೊದಲ ಪಂಕ್ತಿ, ಸಾವಿನ ಮನೆಯಲ್ಲಿ ಮೊದಲ ಕುರ್ಚಿ, ಸಭೆಯಲ್ಲಿ ಮೊದಲ ಮಾತು ಎಲ್ಲವೂ ಅವರಿಗೇ ಮೀಸಲು. ಬಂಗಾಳ ಎಲ್ಲಿದೆ ಎಂದು ನಕ್ಷೆಯಲ್ಲಿ ತೋರಿಸಿ ಎಂದಿದ್ದರೆ ತಡಕಾಡುತ್ತಿದ್ದರೋ ಏನೋ, ಯುದ್ಧವನ್ನು ಮಾತ್ರ ತಾವೇ ಗೆದ್ದು ಬಂದವರ ಹಾಗೆ ವರ್ಣಿಸಿದರು. ನಾನು ನ್ಯಾಮತಿಯಿಂದ ಬಂದ ಹೊಸ ಸೊಸೆ, ಹೆಂಗಸರ ಕಡೆ ಮುಂದೆಯೇ ಕೂತಿದ್ದೆ.

ಆಮೇಲೆ ಇವರ ಕೈಗೆ ಮೈಕು ಕೊಟ್ಟರು.

"ಗೆದ್ದದ್ದು ನಾನು ನೋಡ್ಲಿಲ್ಲ. ನಾನು ನೋಡಿದ್ದು ಇಟ್ಟಿಗೆ ಭಟ್ಟಿ" ಅಂತ ಇವರು ಶುರುಮಾಡಿದರು.

ಪೂರ್ವ ಬಂಗಾಳದ ಒಂದು ಸಣ್ಣ ಊರು. ಸೋತು ಹಿಂದೆ ಸರಿಯುವ ಮುಂಚೆ ಶತ್ರು ಸೈನಿಕರು ಊರಿನ ಮೇಷ್ಟ್ರುಗಳನ್ನೂ ಮಿಲ್ಲಿನ ಕೂಲಿಗಳನ್ನೂ ಎಳಕೊಂಡು ಹೋಗಿ, ಕೊಂದು, ಇಟ್ಟಿಗೆ ಭಟ್ಟಿಯ ಮಣ್ಣು ತೆಗೆದ ಗುಂಡಿಗಳಲ್ಲಿ ಹಾಕಿದ್ದರಂತೆ. ಗುರುತು ಹಿಡಿಯಲು ಊರಿನ ಹೆಂಗಸರನ್ನು ಇವರ ಲಾರಿಯಲ್ಲೇ ಕರೆದೊಯ್ದದ್ದು. ಮುಖ ಗುರುತು ಸಿಗುವ ಹಾಗಿರಲಿಲ್ಲ. ಲುಂಗಿಯ ಅಂಚು, ಅಂಗಿಗೆ ತಾವೇ ಹಾಕಿದ ಹೊಲಿಗೆ, ಇಂಥದ್ದನ್ನು ನೋಡಿ ತಮ್ಮ ತಮ್ಮ ಗಂಡಸರನ್ನು ಗುರುತು ಹಿಡಿದರಂತೆ. ಒಬ್ಬ ಹೆಂಗಸು ಅಂಗಿಯ ತೋಳೊಂದನ್ನು ಹಿಡಿದುಕೊಂಡು ಇವರ ಕಡೆ ತಿರುಗಿ "ಕೆ? ಕೆ?" ಎಂದು ಕೇಳುತ್ತಲೇ ಇದ್ದಳಂತೆ. ಅವರ ಭಾಷೆಯಲ್ಲಿ ಅದರ ಅರ್ಥ "ಯಾರು?" ಎಂದು.

ಅಷ್ಟಕ್ಕೇ ಸಭೆ ಮಿಸುಕಾಡತೊಡಗಿತು. ವಕೀಲರು ಎದ್ದು ಬಂದು ನಗುತ್ತಲೇ ಮೈಕು ತಗೊಂಡರು. "ನಮ್ಮ ವೀರಯೋಧರು ದಣಿದಿದ್ದಾರೆ. ಹೆಂಗಸರು ಮಕ್ಕಳು ಕೂತಿರೋ ಸಭೆ, ಸಂತೋಷದ ದಿನ" ಅಂದರು. ಜೈಕಾರ ಹಾಕಿಸಿದರು. ಎಲ್ಲರಿಗೂ ಮಂಡಕ್ಕಿ, ಮೆಣಸಿನಕಾಯಿ ಬಜ್ಜಿ ಹಂಚಿದರು. ಗುಂಡಿಯ ಮಾತು ಕೇಳಲಾಗದ ಕೋಮಲ ಹೃದಯದವರೆಲ್ಲ ಎರಡೆರಡು ಸಲ ಹಾಕಿಸಿಕೊಂಡು ತಿಂದದ್ದನ್ನು ನಾನು ನೋಡಿದೆ.

ಬಂಗಾಳದಲ್ಲಿದ್ದಾಗ ಒಬ್ಬ ಮಿಲಿಟರಿ ಅಧಿಕಾರಿ ಇವರಿಗೆ ಹೇಳಿದ್ದರಂತೆ: ಹೀಗೆ ಮಾಡಿದವರನ್ನು ಬಿಡುವುದಿಲ್ಲ, ಹಿಂದೆ ಜರ್ಮನಿಯಲ್ಲಿ ನಡೆದ ಹಾಗೆ ದೊಡ್ಡ ಕೋರ್ಟು ಕೂರುತ್ತದೆ, ನೋಡಿದವರನ್ನೆಲ್ಲ ಸಾಕ್ಷಿಗೆ ಕರೆಸುತ್ತಾರೆ. ಇವರು ಅದನ್ನು ನಂಬಿಬಿಟ್ಟರು. ಮುಂದೆ ಸರ್ವೀಸು ಮುಗಿಸಿ ಬಂದು ನ್ಯಾಮತಿ–ಚನ್ನಗಿರಿ ಖಾಸಗಿ ಬಸ್ಸಿಗೆ ಡ್ರೈವರ್ ಆದ ಮೇಲೂ ಅದೇ ನಂಬಿಕೆ. ನಾನು ರೊಟ್ಟಿ ಬಡಿಯುವಾಗ ಎದುರಿಗೆ ನೆಟ್ಟಗೆ ನಿಂತು ಹಿಂದಿಯಲ್ಲಿ ಸಾಕ್ಷಿ ಹೇಳಿ ನೋಡಿಕೊಳ್ಳುತ್ತಿದ್ದರು.

"ಎಷ್ಟು ಜನ ಇದ್ರು ರೀ ಗುಂಡಿಯೊಳಗೆ?" ಅಂತ ನಾನೊಮ್ಮೆ ಕೇಳಿದೆ.

"ಎಣಿಸ್ಲಿಲ್ಲ ಕಣೆ. ಎಣಿಸದೆ ಇದ್ದದ್ದನ್ನ ಕೋರ್ಟಿನಾಗೆ ಹೇಳಬಾರದು."

ಕೋರ್ಟಿನಲ್ಲಿ ಹೇಗೆಲ್ಲ ಪ್ರಶ್ನೆ ಹಾಕುತ್ತಾರೆ ಎಂದು ತಿಳಿಯಲು ಅದೇ ವಕೀಲರ ಆಫೀಸಿಗೆ ಹೋದರು. ನಾನೂ ಜೊತೆಗಿದ್ದೆ, ಅಲ್ಲಿಂದ ನಮ್ಮ ತವರಿಗೆ ಹೊರಟಿದ್ದೆವು. ಬೆಂಚಿನ ತುಂಬ ಕಕ್ಷಿದಾರರು ಕೂತಿದ್ದರು. ವಕೀಲರಿಗೆ ಹೊತ್ತು ಕಳೆಯಲು ಒಳ್ಳೇ ಆಟ ಸಿಕ್ಕಿತು.

"ಗುಂಡು ಹೊಡೆದದ್ದು ನೀನು ಕಣ್ಣಾರೆ ನೋಡಿದ್ಯೇನೋ?"

"ಇಲ್ಲ ಸ್ವಾಮಿ. ನಾವು ಹೋಗೋ ಹೊತ್ತಿಗೆ ಮುಗಿದಿತ್ತು."

"ಹೊಡೆದೋರು ಇವರೇ ಅಂತ ಹೆಂಗೆ ಹೇಳ್ತೀಯ?"

"ಊರಿನ ಹೆಂಗಸ್ರು ಹೇಳಿದ್ರು."

"ಅಂತೆ ಕಂತೆ! ಕೇಸು ಬಿತ್ತು!" ವಕೀಲರು ಮೇಜು ಕುಟ್ಟಿ ನಕ್ಕರು, ಬೆಂಚಿನವರೂ ನಕ್ಕರು. "ಇಷ್ಟಕ್ಕೂ ಅವರು ಏನಂತಾರೆ ಗೊತ್ತಾ? ಮೇಲಿನೋರು ಹೇಳಿದ್ರು, ನಾವು ಮಾಡಿದ್ವಿ ಅಂತಾರೆ. ಮೇಲಿನೋರು, ನಾವು ಹಂಗೆ ಹೇಳೇ ಇಲ್ಲ ಅಂತಾರೆ. ಮುಗೀತಲ್ಲ!"

ಇವರು ನಗಲಿಲ್ಲ. "ಹಂಗಾದ್ರೆ ಆ ಹೆಂಗಸ್ರನ್ನೇ ಕರೆಸಬೇಕಾತದೆ" ಅಂದರು. ಸತ್ತವರನ್ನು ಇಟ್ಟುಕೊಂಡು ತಮಾಷೆ ಮಾಡಿದ ಆ ಮನುಷ್ಯನಿಗೆ ಊರೆಲ್ಲ ಕೈಮುಗಿಯುತ್ತಿತ್ತು. ನಾನು ಮಾತ್ರ ಅವತ್ತಿನಿಂದ ಮುಗಿಯಲಿಲ್ಲ.

ಎಪ್ಪತ್ನಾಲ್ಕರ ಬೇಸಿಗೆ. ಬಸ್‌ಸ್ಟ್ಯಾಂಡ್ ಹೋಟೆಲಿನಲ್ಲಿ ಪೇಪರು ಓದುತ್ತಿದ್ದ ವಕೀಲರು ಇವರನ್ನು ಕೂಗಿ ಕರೆದರು. ವಿಚಾರಣೆಗೆಂದು ಹೆಸರು ಗುರುತು ಮಾಡಿ ಇಟ್ಟುಕೊಂಡಿದ್ದ ಸೈನಿಕರನ್ನೂ ಅವರ ದೇಶಕ್ಕೆ ಕಳಿಸಿಬಿಡುತ್ತಾರಂತೆ, ಕೋರ್ಟೂ ಇಲ್ಲ ಕಚೇರಿಯೂ ಇಲ್ಲ. ಮೂರು ದೇಶದವರು ಕೂತು ಮಾತಾಡಿ, ಆದದ್ದಾಯಿತು, ಕ್ಷಮಿಸಿ ಮರೆಯೋಣ ಎಂದರಂತೆ.

"ಆ ಹೆಂಗಸ್ರನ್ನ ಕೇಳಿದ್ರಂತಾ?" ಅಂತ ಇವರು ಕೇಳಿದರು.

"ಅವರನ್ಯಾಕೆ ಕೇಳ್ತಾರೋ ಮಾರಾಯ? ಇದು ದೇಶ ದೇಶಗಳ ವಿಷಯ. ಕ್ಷಮಿಸೋದು ದೊಡ್ಡ ಗುಣ."

ದೊಡ್ಡ ಗುಣವಂತೆ! ಗಂಡನ ಅಂಗಿಯ ತೋಳು ಹಿಡಿದು ನಿಂತವಳು ಒಬ್ಬಳು, ಕ್ಷಮಿಸಿದವರು ಸೂಟು ಹಾಕಿಕೊಂಡ ಬೇರೆ ಯಾರೋ. ಬೇರೆಯವರ ಹೊಲದ ಬೆಳೆ ಕೊಯ್ದು ದಾನ ಮಾಡಿ ಪುಣ್ಯವಂತ ಅನ್ನಿಸಿಕೊಳ್ಳುವುದಕ್ಕೂ ಇದಕ್ಕೂ ನನಗೆ ಇವತ್ತಿಗೂ ವ್ಯತ್ಯಾಸ ಕಾಣುವುದಿಲ್ಲ.

ಇವರು ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ. ಆಮೇಲೆ ಒಂದು ಬೆಳಿಗ್ಗೆ ಬಿಳಿ ಅಂಗಿ ಹಾಕಿಕೊಂಡು "ನಡಿ, ಕೋರ್ಟಿಗೆ ಹೋಗಿ ಬರಾಣ" ಅಂದರು. ಹೊನ್ನಾಳಿಯ ಕೋರ್ಟಿಗೆ! ನಾನು ತಡೆಯಲಿಲ್ಲ. ಕಲಾಪ ಶುರುವಾಗುವ ಹೊತ್ತಿಗೆ ಇವರು ನೇರ ಮುಂದೆ ಹೋಗಿ ನಿಂತು, "ಸ್ವಾಮಿ, ನಂದೊಂದು ಸಾಕ್ಷಿ ಐತೆ, ಬರಕೊಳ್ರಿ" ಅಂದರು.

"ಯಾವ ಕೇಸು?" ಅಂದರು ನ್ಯಾಯಾಧೀಶರು.

"ಕೇಸು ಕೈಬಿಟ್ಟವ್ರೆ ಸ್ವಾಮಿ. ಸಾಕ್ಷಿ ಹಂಗೇ ಉಳಿದೈತೆ."

ವಕೀಲರ ಸಾಲಿನಲ್ಲಿ ನಗುವೋ ನಗು. ನ್ಯಾಯಾಧೀಶರು ಕೆಟ್ಟವರಲ್ಲ. ಎಲ್ಲಿ ನಡೆದದ್ದು, ಯಾವಾಗ ಎಂದು ಕೇಳಿ, ಬೇರೆ ದೇಶದ ವಿಷಯ ಈ ಕೋರ್ಟಿನ ವ್ಯಾಪ್ತಿಗೆ ಬರುವುದಿಲ್ಲ ಎಂದು ತಿಳಿಸಿ ಹೇಳಿದರು. ಯಾವ ಕೋರ್ಟಿನ ವ್ಯಾಪ್ತಿಗೆ ಬರುತ್ತದೆ ಎಂದು ಇವರು ಕೇಳಿದ್ದಕ್ಕೆ ಅವರು ಮುಂದಿನ ಕೇಸು ಕೂಗಿಸಿದರು. ಜವಾನ ಬಂದು ಇವರ ರಟ್ಟೆ ಹಿಡಿದು ಹೊರಗೆ ಕರೆದುಕೊಂಡು ಬಂದ.

ಹೊರಗೆ ಹೊಂಗೆ ಮರದ ನೆರಳಲ್ಲಿ ತಮ್ಮ ಕೇಸು ಕೂಗುವುದನ್ನೇ ಕಾಯುತ್ತ ಜನ ಕೂತಿದ್ದರು. ಏನಾಯಿತು ಎಂದು ಅವರು ಕೇಳಿದರು. ಇವರು ಅಲ್ಲೇ ನಿಂತು ಎಲ್ಲ ಹೇಳಿದರು, ಇಟ್ಟಿಗೆ ಭಟ್ಟಿಯಿಂದ ಹಿಡಿದು ಮೂರು ದೇಶದ ರಾಜಿಯವರೆಗೆ. ಅಲ್ಲಿ ಯಾರೂ ಮಿಸುಕಾಡಲಿಲ್ಲ. ನ್ಯಾಮತಿ ಪಕ್ಕದ ಹಳ್ಳಿಯ ಒಬ್ಬ ಕೂಲಿ ಹೆಂಗಸು ಬಾಯಿಗೆ ಸೆರಗು ಇಟ್ಟುಕೊಂಡು ಕೇಳುತ್ತಿದ್ದಳು. ಕೂಲಿ ಜಾಸ್ತಿ ಕೇಳಿದರು ಎಂದು ಅವಳ ಕೇರಿಯ ಗುಡಿಸಲುಗಳಿಗೆ ಗೌಡರ ಮಗ ಬೆಂಕಿ ಹಾಕಿಸಿದ್ದ. ಅವಳು ಕಣ್ಣಾರೆ ಕಂಡವಳು. ಗೌಡರ ಕಡೆ ವಕೀಲರು ಯಾರೆಂದರೆ, ಆ ಹಾರದ ಸಭೆಯ ನಮ್ಮ ಅಧ್ಯಕ್ಷರೇ.

"ಯಣ್ಣಾ, ಅಷ್ಟು ಜನ ಸತ್ತಿದ್ದಕ್ಕೇ ರಾಜಿ ಮಾಡ್ಯಾರೆ. ನಮ್ಮ ಗುಡ್ಲು ಯಾವ ಲೆಕ್ಕ?" ಅಂದಳು.

"ನೀನು ರಾಜಿ ಆಗಬ್ಯಾಡ ತಾಯಿ. ನಿನ್ನನ್ನ ಸಾಕ್ಷಿಗೆ ಕರೆದಾರಲ್ಲ, ಹೇಳು" ಅಂದರು ಇವರು.

ಅವಳು ಎಷ್ಟೋ ವಾಯಿದೆಗೆ ಇವರ ಬಸ್ಸಿನಲ್ಲೇ ಬಂದು ಹೋದಳು. ಕೊನೆಗೆ ನಮ್ಮ ವಕೀಲರು ಆ ಊರ ಕಟ್ಟೆ ಮೇಲೆ ನಾಲ್ಕು ಜನ ಹಿರಿಯರನ್ನು ಕೂರಿಸಿ, ಕೇರಿಯವರ ಕೈಯಲ್ಲೇ "ಒಲೆಯ ಕಿಡಿ ಹಾರಿ ಬೆಂಕಿ ಬಿತ್ತು" ಅನ್ನಿಸಿದರು. ಅವಳೂ ಕೋರ್ಟಿನಲ್ಲಿ ಹಾಗೇ ಹೇಳಿದಳು. ನಾನು ಅವಳನ್ನು ದೂರುವುದಿಲ್ಲ. ಸಂಜೆ ಅವಳು ಹೋಗಬೇಕಾದದ್ದು ಅದೇ ಊರಿಗೆ, ಬೆಳಿಗ್ಗೆ ಹೋಗಬೇಕಾದದ್ದು ಅದೇ ಗೌಡರ ಗದ್ದೆಗೆ.

ಇದಾಗಿ ಸ್ವಲ್ಪ ದಿನಕ್ಕೆ ನಾನು ಚನ್ನಗಿರಿಗೆ ಹೊರಟಿದ್ದೆ, ಇವರದೇ ಬಸ್ಸು. ಗೌಡರ ಮಗ ಡ್ರೈವರ್ ಪಕ್ಕದ ಸೀಟಿನಲ್ಲಿ ಕಾಲ ಮೇಲೆ ಕಾಲು ಹಾಕಿ ಕೂತಿದ್ದ. ಸೂಳೆಕೆರೆ ಏರಿ ಹತ್ತಿರ ಬಂದಾಗ, "ಡ್ರೈವರಣ್ಣ, ನೀನು ಯುದ್ಧಕ್ಕೆ ಹೋಗಿದ್ಯಂತೆ, ಒಂದು ಕತೆ ಹೇಳು" ಅಂದ.

ಇವರು ಹೇಳಿದರು. ರಸ್ತೆಯಿಂದ ಕಣ್ಣು ತೆಗೆಯದೆ, ಒಂದು ಮಾತೂ ಬಿಡದೆ ಹೇಳಿದರು. ಹುಡುಗನ ಮುಖ ಕಪ್ಪಿಟ್ಟಿತು. ಆಮೇಲೆ ಕೇಳಿದ: "ಕಡೆಗೆ ಅವರಿಗೆ ಏನು ಶಿಕ್ಷೆ ಆತು?"

"ಏನೂ ಆಗ್ಲಿಲ್ಲ. ಮನೆಗೆ ಕಳಿಸಿದ್ರು."

"ಹಂಗಾ! ಹಂಗಾದ್ರೆ ಸರಿ ಬಿಡು" ಅಂದ. ಮೈ ಸಡಿಲಾಗಿ ಸೀಟಿಗೆ ಒರಗಿ, ಬೀಡಿ ಹಚ್ಚಿದ. ಅವನಷ್ಟು ಚೆನ್ನಾಗಿ ಆ ಮೂರು ದೇಶದ ಒಪ್ಪಂದವನ್ನು ಅರ್ಥಮಾಡಿಕೊಂಡವರು ನಮ್ಮ ಕಡೆ ಇನ್ನೊಬ್ಬರಿರಲಿಲ್ಲ.

ಆ ವಾರವೇ ಇವರು ಮಾಲೀಕರಿಗೆ ಹೇಳಿ ಜಗಳೂರು ಕಡೆಯ ಬಸ್ಸಿಗೆ ಹಾಕಿಸಿಕೊಂಡರು. ಎಂಬತ್ತನೇ ಇಸವಿ ದಾಟಿ ಕಣ್ಣು ಮಂಜಾಗುವವರೆಗೂ ಅದೇ ದಾರಿ. ಒಮ್ಮೆ ಆ ಕಡೆಯ ಸೊಕ್ಕೆ ಎಂಬ ಹಳ್ಳಿಯ ಸಂಬಂಧಿಕರ ಮನೆಗೆ ನಾನೂ ಹೋಗಿದ್ದೆ. ಬಸ್ಸು ನಿಂತಾಗ ಕಡಲೆಕಾಯಿ ಮೂಟೆಗಳ ಮೇಲೆ ಕೂತಿದ್ದ ನಾಲ್ಕಾರು ಪಡ್ಡೆ ಹುಡುಗರು ಯುದ್ಧದ ಕತೆ ಕೇಳಿದರು. ಇವರು ಗುಂಡಿಯ ಕತೆ ಹೇಳಿದರು. ಒಬ್ಬ, ಕಡೆಗೆ ಏನು ಶಿಕ್ಷೆ ಆಯಿತು ಎಂದು ಅದೇ ಪ್ರಶ್ನೆ ಕೇಳಿದ.

"ಎಲ್ಲಾರನ್ನೂ ಹಿಡಿದ್ರು. ದೊಡ್ಡ ಕೋರ್ಟಿನಾಗೆ ನಿಲ್ಲಿಸಿದ್ರು. ಹೆಂಗಸ್ರು ಬಂದು ಬೊಟ್ಟು ಮಾಡಿ ತೋರಿಸಿದ್ರು. ಮೇಲಿನೋರು ಹೇಳಿದ್ರು ಅಂದ್ರೂ ಕೇಳ್ಲಿಲ್ಲ, ಮೇಲಿನೋರನ್ನೂ ಹಿಡಕೊಂಡು ಬಂದ್ರು. ಇವತ್ತಿಗೂ ಜೈಲಿನಾಗೆ ಅದಾರೆ" ಅಂದರು ಇವರು.

"ನೀನು ಸಾಕ್ಷಿ ಹೇಳಿದ್ಯಾ ಅಣ್ಣ?"

"ಹೇಳಿದೆ."

ಹುಡುಗರು ಹೋದ ಮೇಲೆ ಇವರು ನನ್ನ ಮುಖ ನೋಡದೆ, "ಸೂಳೆಕೆರೆ ಏರಿ ಮ್ಯಾಲೂ ಹಿಂಗೇ ಹೇಳಬೇಕಿತ್ತು" ಅಂದು ಗಾಡಿ ಚಾಲೂ ಮಾಡಿದರು.

ದೊಡ್ಡ ದೊಡ್ಡ ದೇಶಗಳಿಗೆ ಕೂರಿಸಲು ಆಗದ ಆ ಕೋರ್ಟನ್ನು ನನ್ನ ಗಂಡ ಜಗಳೂರಿನ ಬಸ್ಸಿನಲ್ಲಿ ವರ್ಷಗಟ್ಟಲೆ ಕೂರಿಸಿದರು. ಅದು ಸುಳ್ಳು ಎಂದು ತಿಳಿದ ಯಾರಾದರೂ ಮುಂದೊಂದು ದಿನ ಅವರನ್ನು ಹಂಗಿಸಿದರೆ, ಮೊದಲು ಆ ಸೂಟಿನವರನ್ನು ಹಂಗಿಸಿ ಬನ್ನಿ ಎನ್ನುತ್ತೇನೆ.