ಕ್ಯಾಮೆರಾ ಅಲ್ಲಾಡಿಸಿದ ಮೇಡಂ

ಪೀಣ್ಯದ ಗಾರ್ಮೆಂಟ್ಸ್‌ನಲ್ಲಿ ನಾನು ಹೊಲಿಗೆ ಕೆಲಸಕ್ಕಿದ್ದಾಗ, ಡಾಕ್ಯುಮೆಂಟರಿ ಮಾಡುವ ಮೇಡಂ ಒಬ್ಬರು ನಮ್ಮ ವಠಾರಕ್ಕೆ ಬರುತ್ತಿದ್ದರು. ಟಾಯ್ಲೆಟ್‌ಗೆ ಎದ್ದರೆ ಸೂಪರ್‌ವೈಸರ್ ಬೈತಾನೆಂದು ನಾವು ದಿನವಿಡೀ ನೀರೇ ಕುಡಿಯುತ್ತಿರಲಿಲ್ಲ, ಎಲ್ಲರಿಗೂ ಉರಿಮೂತ್ರ. ಅದನ್ನು ಕ್ಯಾಮೆರಾ ಮುಂದೆ ಹೇಳಹೋದರೆ ನಾಚಿಕೆಗೆ ನಗು ಉಕ್ಕುತ್ತಿತ್ತು.

"ನಗ್ಬೇಡಿ ಅಕ್ಕ, ಸೀರಿಯಸ್ ವಿಷ್ಯ," ಅನ್ನುತ್ತಲೇ ಮೇಡಂ ಬಾಯಿಗೆ ದುಪಟ್ಟಾ ಒತ್ತಿಕೊಳ್ಳುತ್ತಿದ್ದರು. ಕ್ಯಾಮೆರಾ ಗಡಗಡ ಅಲ್ಲಾಡುತ್ತಿತ್ತು.

ಒಂದು ಭಾನುವಾರ ಸಂಜೆ ತಾರಸಿ ಮೇಲೆ ಬಿಳಿ ಪಂಚೆ ಕಟ್ಟಿ ನಮ್ಮದೇ ಸಿನಿಮಾ ತೋರಿಸಿದರು. ಯಾರು ಹೇಳಿದರೋ, ಸೂಪರ್‌ವೈಸರೂ ಹೆಂಡತಿ ಸಮೇತ ಬಂದು ಕೂತ. ಕೆಲಸ ಹೋಯ್ತು ಅಂದುಕೊಂಡೆವು ನಾವೆಲ್ಲ. ಪರದೆ ಮೇಲೆ ನಾನು, "ಎರಡನೇ ಸಲ ಹೋದ್ರೆ ಎಲ್ಲರೆದುರು ನಿಲ್ಲಿಸಿ ಬೈತಾರೆ" ಅಂದೆ.

ಆತನ ಹೆಂಡತಿ ತಟ್ಟನೆ ತಿರುಗಿದರು. "ಅದು ನೀವೇ ಏನ್ರೀ?"

"ಟಾರ್ಗೆಟ್ ಇರುತ್ತೆ ಕಣೇ..."

"ಮನೇಲಿ ನೀವು ಗಂಟೆಗೊಂದ್ಸಲ ಹೋಗ್ತೀರಲ್ಲ!"

ತಾರಸಿಗೆ ತಾರಸಿಯೇ ಬಿದ್ದು ಬಿದ್ದು ನಕ್ಕಿತು. ಮೇಡಂ ಹೊಟ್ಟೆ ಹಿಡಿದುಕೊಂಡು ನೆಲದ ಮೇಲೆ ಕೂತೇಬಿಟ್ಟರು.

ಸೋಮವಾರ ಆತ ಯಾರ ಮುಖವನ್ನೂ ನೋಡದೆ, "ನೀರು ಕುಡೀರಮ್ಮ, ಎದ್ದು ಹೋಗ್ಬನ್ನಿ. ನಂಗೆ ಮನೇಲಿ ಊಟ ಹಾಕ್ತಿಲ್ಲ," ಅಂದ. ಫೋನಿನಲ್ಲಿ ಇದನ್ನು ಹೇಳಿದಾಗ ಮೇಡಂ ಕೂಗಿಕೊಂಡರು: "ಅಯ್ಯೋ ಅಕ್ಕ, ಅದನ್ನ ಶೂಟ್ ಮಾಡೋಕೆ ನಾನಿರಬೇಕಿತ್ತು!"