ಮೂಕಚಿತ್ರದಲ್ಲಿ ಮಿನ್ನಿ ಆಡಿದ ಮಾತು

ಕೂತಲ್ಲಿ ಕೂರುವ ಜಾಯಮಾನ ಮಿನ್ನಿ ಡೆಮರೆಸ್ಟಳದಲ್ಲ. ಫೋರ್ಟ್ ಲೀ ಊರಿನ ನಮ್ಮ ಸಿನಿಮಾ ಕಂಪನಿಯ ಒಂದು ರೀಲಿನ ಮೂಕಚಿತ್ರಗಳಲ್ಲಿ ಅವಳೇ ಜಗಳಗಂಟಿ ಹೆಂಡತಿ, ದಢೂತಿ ಆರ್ವಿಲ್ ಗಂಡ. ಅವರ ಮನೆಯ ಗೋಡೆಗಳಿಗೆ ಬಣ್ಣ ಹೊಡೆಯುವವನು ನಾನು. ಬಿಸಿಲು ಬೀಳಲೆಂದು ಬಯಲಲ್ಲೇ ನಿಲ್ಲಿಸಿದ ಬಟ್ಟೆಯ ಗೋಡೆಗಳು. ಗಾಳಿ ಬಂದರೆ ಅಡುಗೆಮನೆಯೇ ಓಲಾಡುತ್ತಿತ್ತು, ಬೈಗುಳ ಮಾತ್ರ ನನಗೆ.

ಮಾತು ಯಾರಿಗೂ ಕೇಳಿಸುವುದಿಲ್ಲವಲ್ಲ, ತುಟಿ ಆಡಿಸಿದರೆ ಸಾಕು. ಹಾಗಾಗಿ ಅವರಿಬ್ಬರೂ ಕ್ಯಾಮೆರಾ ಮುಂದೆ ತಟ್ಟೆ ಎಸೆದಾಡುತ್ತಲೇ ತಮ್ಮ ಕಷ್ಟಸುಖ ಮಾತಾಡಿಕೊಳ್ಳುತ್ತಿದ್ದರು. ಆ ಚಳಿಗಾಲ ಕಂಪನಿ ಕ್ಯಾಲಿಫೋರ್ನಿಯಾಕ್ಕೆ ಹೊರಟಿತ್ತು. ಮಿನ್ನಿಗೂ ಹೋಗುವ ತವಕ. ಅಮ್ಮನಿಗೆ ಹೇಳಲು ಮಾತ್ರ ಧೈರ್ಯವಿಲ್ಲ.

"ಅಮ್ಮಂಗೆ ಹೇಳಿದ್ಯಾ?" ಎಂದ ಆರ್ವಿಲ್, ಮೇಜಿನಡಿ ಅವಿತುಕೊಳ್ಳುತ್ತ.

"ಹೇಳಲ್ಲ ಕಣೋ! ಸದ್ದಿಲ್ದೆ ರೈಲು ಹತ್ತಿಬಿಡ್ತೀನಿ. ಅವಳ ಮುಖ ನೋಡಿದ್ರೆ ನನ್ನ ಕೈಲಿ ಹೋಗೋಕಾಗಲ್ಲ!" ಎನ್ನುತ್ತ ಮಿನ್ನಿ ಸೂಪಿನ ಬಟ್ಟಲು ಬೀಸಿದಳು. ನಿರ್ದೇಶಕರು ಖುಷಿಯಿಂದ ಚಪ್ಪಾಳೆ ತಟ್ಟಿದರು.

ಅವಳ ಅಮ್ಮ ಕಾರ್ನೀಲಿಯಾಗೆ ಕಿವಿ ಕೇಳಿಸದು. ಎದುರಿನವರ ತುಟಿ ನೋಡಿಯೇ ಮಾತು ಹಿಡಿಯುತ್ತಿದ್ದಳು. ಸಿನಿಮಾ ಎಂದರೆ ಮೂಗು ಮುರಿಯುತ್ತಿದ್ದ ಆಕೆ, ಮಗಳು ಊರನ್ನೆಲ್ಲ ನಗಿಸುತ್ತಿದ್ದಾಳೆಂದು ಕೇಳಿ, ಒಂದು ದಿನ ಮಿನ್ನಿಯನ್ನೂ ನನ್ನನ್ನೂ ಎಳೆದುಕೊಂಡು ಥಿಯೇಟರಿನ ಮುಂದಿನ ಸಾಲಿನಲ್ಲೇ ಕೂತುಬಿಟ್ಟಳು.

ತೆರೆಯ ಮೇಲೆ ಆರ್ವಿಲ್ ಮೇಜಿನಡಿ ನುಸುಳಿದಾಗ ಮಿನ್ನಿಗೆ ತಾನು ಆಡಿದ್ದು ನೆನಪಾಯಿತು. ದಡಕ್ಕನೆ ಎದ್ದು ಅಮ್ಮನಿಗೆ ಅಡ್ಡ ನಿಂತಳು.

"ಏಯ್, ಕೂತ್ಕೊಳಮ್ಮಾ! ನಿನ್ನ ಬೆನ್ನು ನೋಡೋಕೆ ಬಂದಿದೀವಾ?" ಎಂದು ಹಿಂದಿನವರು ಕೂಗಿದರು. ಅಮ್ಮನೇ ಲಂಗ ಹಿಡಿದು ಜಗ್ಗಿ ಕೂರಿಸಿದಳು.

ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ಕಾರ್ನೀಲಿಯಾ ನಗಲಿಲ್ಲ. ಆ ನಗುವವರನ್ನೆಲ್ಲ ಹೊರಗೆ ದಬ್ಬಬೇಕು ಅನ್ನಿಸಿತು ನನಗೆ. ಆಕೆ ಮಗಳ ಗಲ್ಲ ಹಿಡಿದು ತನ್ನತ್ತ ತಿರುಗಿಸಿಕೊಂಡಳು. ತನ್ನ ದನಿ ತನಗೇ ಕೇಳಿಸದ್ದರಿಂದ ಹೇಳಿದ್ದು ಇಡೀ ಥಿಯೇಟರಿಗೆ ಕೇಳಿಸಿತು: "ಇಗೋ, ಮುಖ. ಕಣ್ತುಂಬ ನೋಡ್ಕೋ. ಕಳ್ಳಿ ಥರ ಯಾಕೇ ಹೋಗ್ತೀಯ? ಹೇಳಿ ಹೋಗು."

ಹೊರಡುವ ದಿನ ರೈಲಿನ ಕಿಟಕಿ ಚಳಿಗೆ ಬಿಗಿದುಕೊಂಡು ತೆರೆಯಲೇ ಇಲ್ಲ. ಗಾಜಿನ ಹಿಂದೆ ಮಿನ್ನಿ ಕಣ್ಣೊರೆಸಿಕೊಳ್ಳುತ್ತ ಒಂದೇ ಸಮನೆ ಮಾತಾಡುತ್ತಿದ್ದಳು. "ಏನು? ಏನಂದೆ?" ಎಂದು ಪ್ಲಾಟ್‌ಫಾರಂ ಮೇಲೆ, ಕಳಿಸಿಕೊಡಲು ಬಂದಿದ್ದ ನಾವೆಲ್ಲ ಗಂಟಲು ಹರಿಯುವಂತೆ ಅರಚಿದೆವು. ಕಾರ್ನೀಲಿಯಾ ಮಾತ್ರ ಸುಮ್ಮನೆ ನಿಂತು, ಪ್ರತಿ ಮಾತಿಗೂ ತಲೆಯಾಡಿಸುತ್ತಿದ್ದಳು.