ಕೊಬ್ಬರಿ ಅಟ್ಟದ ಮೇಲಿನ ಕೋವಿ

ಕರೇಕಲ್ಲುಪಾಳ್ಯದ ಗಂಗಾಧರಯ್ಯನ ಬಳಿ ಅಪ್ಪನ ಕಾಲದ ಒಂದು ಕೋವಿಯಿತ್ತು. ನಳಿಗೆಯ ಬಾಯಿಗೆ ಮದ್ದು ಸುರಿದು, ಮೇಲೆ ತೆಂಗಿನ ನಾರು ತುರುಕಿ, ಕಡ್ಡಿಯಿಂದ ಕುಟ್ಟಿ, ಕಿಡಿ ಹಾರಿಸುವ ಕೇಪು ಇಟ್ಟು ಹೊಡೆಯುವ ಹಳೇ ಮಾದರಿ. ಲೈಸೆನ್ಸಿನ ಪ್ರಕಾರ ಅದು ಬೆಳೆ ರಕ್ಷಣೆಯ ಬಂದೂಕು. ಅದರಿಂದ ಅವನು ಆಯುಷ್ಯದಲ್ಲಿ ಒಂದು ಇಲಿಯನ್ನೂ ಕೊಂದಿರಲಿಲ್ಲ. ತೋಟಕ್ಕೆ ನುಗ್ಗಿ ಎಳನೀರು ಕಚ್ಚಿ ಬಿಸಾಡುತ್ತಿದ್ದುದು ಕೋತಿ ಹಿಂಡು. ಕೋತಿಯೆಂದರೆ ಆಂಜನೇಯ, ಆಂಜನೇಯನಿಗೆ ಗುಂಡು ಹೊಡೆಯುವ ಎದೆ ಆ ಸೀಮೆಯಲ್ಲಿ ಯಾರಿಗಿದೆ? ಹಾಗಾಗಿ ಗುಂಡಿಲ್ಲದೆ ಬರೀ ಮದ್ದು, ನಾರು ತುಂಬಿ ಆಕಾಶಕ್ಕೆ ಢಮ್ಮೆನ್ನಿಸುವುದು. ಕೋತಿಗಳು ಪಕ್ಕದ ತೋಟಕ್ಕೆ ಹಾರುವುದು. ಪಕ್ಕದ ತೋಟದ ಕೆಂಪಯ್ಯ ತನ್ನ ಕೋವಿಯಿಂದ ಢಮ್ಮೆನ್ನಿಸಿದರೆ ಮತ್ತೆ ಈ ಕಡೆಗೆ. ಸರ್ಕಾರದ ಕಾಗದದಲ್ಲಿ ಇದಕ್ಕೇ ಬೆಳೆ ರಕ್ಷಣೆ ಎನ್ನುವುದು.

ಕೋವಿ ಇಡುತ್ತಿದ್ದ ಜಾಗ ಕೊಬ್ಬರಿ ಮನೆಯ ಅಟ್ಟ. ಇದೂ ಅಪ್ಪ ಮಾಡಿಟ್ಟ ಪದ್ಧತಿ. ತೋಟದ ಬಾಯಿಗೆ ಕಟ್ಟಿದ ಆ ಉದ್ದನೆಯ ಮನೆಯಲ್ಲಿ ಆಳೆತ್ತರಕ್ಕೂ ಮೇಲೆ ಬಿದಿರು ದಬ್ಬೆಯ ಅಟ್ಟ, ಅಟ್ಟದ ತುಂಬ ಸಿಪ್ಪೆ ಸಮೇತ ಕಾಯಿ. ಕೆಳಗೆ ಮಟ್ಟೆಯ ಹೊಗೆ ಹಾಕಿದರೆ ಮೇಲೆ ಸದಾ ಬೆಚ್ಚಗೆ, ಕಬ್ಬಿಣಕ್ಕೆ ತುಕ್ಕು ಹಿಡಿಯುವುದಿಲ್ಲ. ಕಾಯಿ ಅಟ್ಟಕ್ಕೇರಿದ ಮೇಲೆ ಸುಮಾರು ಒಂದು ವರ್ಷ ಅದನ್ನು ಯಾರೂ ಮುಟ್ಟಕೂಡದು. ಒಳಗಿನ ನೀರೆಲ್ಲ ಹೀರಿ ಕೊಬ್ಬರಿಯ ಗಿಟುಕು ಚಿಪ್ಪಿನಿಂದ ಬಿಟ್ಟುಕೊಂಡು ಗಡಗಡ ಸದ್ದು ಮಾಡುವ ತನಕ ಅದು ಬಸುರಿಯ ಹಾಗೆ. ನಡುವೆ ಅಲುಗಾಡಿಸಿದರೆ ಕೊಬ್ಬರಿ ಕೆಟ್ಟಿತು ಎಂದೇ ಲೆಕ್ಕ.

ಎಂಬತ್ತನಾಲ್ಕರ ವೈಶಾಖದಲ್ಲಿ ಗಂಗಾಧರಯ್ಯ ಕೋವಿಯನ್ನು ಗೋಣಿಚೀಲದಲ್ಲಿ ಸುತ್ತಿ ಅಟ್ಟದ ಗೋಡೆಬದಿಗೆ ಮಲಗಿಸಿ, ಹೆಂಡತಿಯೊಡನೆ ಮಗಳು ಚಿಕ್ಕಗೌರಮ್ಮನ ಬಾಣಂತನಕ್ಕೆಂದು ಅವಳ ಗಂಡನೂರು ಹಾಲ್ಕುರಿಕೆಗೆ ಹೋದ. ತಿರುಗಿ ಬರುವಷ್ಟರಲ್ಲಿ ಆಳುಗಳು ಹೊಸ ಕೊಯ್ಲಿನ ಕಾಯನ್ನು ಅಟ್ಟದ ತುಂಬ ಪೇರಿಸಿಬಿಟ್ಟಿದ್ದರು. ಕೋವಿ ಅಡಿಯಲ್ಲಿ ಹೂತುಹೋಗಿತ್ತು. ಇರಲಿ, ಬರುವ ಬೇಸಿಗೆಗೆ ಕಾಯಿ ಇಳಿಸುವಾಗ ತೆಗೆದರಾಯಿತು ಎಂದುಕೊಂಡ. ಇಲ್ಲಿಯವರೆಗೆ ಅವನು ಮಾಡಿದ್ದರಲ್ಲಿ ಯಾವ ತಪ್ಪೂ ಇರಲಿಲ್ಲ.

ಆ ಶ್ರಾವಣದ ಮಳೆಗೆ ಊರ ಶಾಲೆಯ ಸೂರು ಕುಸಿಯಿತು. ಭಾನುವಾರವಾದ್ದರಿಂದ ಮಕ್ಕಳು ಉಳಿದವು. ಶಾಲೆಗೆ ಒಬ್ಬರೇ ಟೀಚರು, ಹೊಂಬಾಳಮ್ಮ. ದಂಡಿನಶಿವರದಿಂದ ದಿನಾ ಮೂರು ಮೈಲಿ ನಡೆದು ಬರುತ್ತಿದ್ದ ತೆಳ್ಳನೆಯ ಹೆಂಗಸು, ಮಾತು ಕಡಿಮೆ. ಆಕೆ ಕೊಬ್ಬರಿ ಮನೆಯ ಬಾಗಿಲಿಗೆ ಬಂದು, ಬೇರೆ ಕಟ್ಟಡ ಸಿಗುವ ತನಕ ಕೆಳಗಿನ ಜಾಗ ಕೊಡಿ, ಇಲ್ಲದಿದ್ದರೆ ಹೆಣ್ಣುಮಕ್ಕಳನ್ನು ಮನೆಯಲ್ಲೇ ಉಳಿಸಿಕೊಳ್ಳುತ್ತಾರೆ ಎಂದು ಕೇಳಿದಳು. ಗಂಗಾಧರಯ್ಯನಿಗೆ ಆ ಮಾತು ನಾಟಿತು. ಚಿಕ್ಕಗೌರಿಯ ಕಾಲಕ್ಕೆ ಊರಲ್ಲಿ ಶಾಲೆಯಿರಲಿಲ್ಲ. ಪರಊರಿನ ಶಾಲೆಗೆ ಅಷ್ಟು ದೂರ ಕಳಿಸಲಾರದೆ ಎರಡನೇ ಕ್ಲಾಸಿಗೇ ಬಿಡಿಸಿದವನು ಅವನೇ. ಅವಳ ಲಗ್ನಪತ್ರಿಕೆಯನ್ನು ಅವಳಿಗೇ ಬೇರೆಯವರು ಓದಿ ಹೇಳಿದ್ದನ್ನು ಅವನು ಮರೆತಿರಲಿಲ್ಲ. ಹೊಗೆ ಹಾಕದಿದ್ದರೆ ಕೊಬ್ಬರಿ ಏನಾದೀತು ಎಂದು ಹೆಂಡತಿ ಸಿದ್ದಗಂಗಮ್ಮ ಗೊಣಗಿದಳು. ನಿಧಾನಕ್ಕೆ ಒಣಗುತ್ತದೆ ಬಿಡು ಎಂದು ಅವಳ ಬಾಯಿ ಮುಚ್ಚಿಸಿದ. ಮಾರನೆಯ ದಿನದಿಂದಲೇ ಅಟ್ಟದ ಕೆಳಗೆ ಮಗ್ಗಿ ಶುರುವಾಯಿತು. ಬಾಡಿಗೆಯಿಲ್ಲ, ಕರಾರಿಲ್ಲ, ಮೇಲಿನವರ ಆರ್ಡರೂ ಇಲ್ಲ.

ಅಷ್ಟರಲ್ಲಿ ಚುನಾವಣೆ ಬಂತು. ಬಂದೂಕು ಇದ್ದವರೆಲ್ಲ ಠಾಣೆಗೆ ಒಪ್ಪಿಸಬೇಕೆಂದು ತಮಟೆ ಹೊಡೆದು ಸಾರಿದರು. ಕಾಯಿಯಡಿ ಸಿಕ್ಕಿರುವ ಕೋವಿಗೆ ಏನಾದರೂ ವಾಯಿದೆ ಕೇಳೋಣವೆಂದು ಗಂಗಾಧರಯ್ಯ ಲೈಸೆನ್ಸ್ ಪುಸ್ತಕ ಹಿಡಿದು ತುರುವೇಕೆರೆಯಲ್ಲಿ ಅರ್ಜಿ ಬರೆಯುವ ಬಸವರಾಜುವಿನ ಹತ್ತಿರ ಹೋದ. ಬಸವರಾಜು ಕನ್ನಡಕ ಏರಿಸಿ ಪುಸ್ತಕದ ಹಿಂಬದಿಯ ಷರತ್ತುಗಳನ್ನು ಒಂದೊಂದಾಗಿ ಓದಿದ. ಜಾತ್ರೆಗೆ ಒಯ್ಯಕೂಡದು, ಮೆರವಣಿಗೆಗೆ ಒಯ್ಯಕೂಡದು, ಇವೆಲ್ಲ ಗೊತ್ತಿದ್ದವೇ. ಮುಂದಿನ ಸಾಲಿಗೆ ಬಂದಾಗ ಬಸವರಾಜುವಿನ ದನಿ ಸಣ್ಣಗಾಯಿತು. ಯಾವುದೇ ವಿದ್ಯಾಸಂಸ್ಥೆಯ ಆವರಣದೊಳಗೂ ಒಯ್ಯಕೂಡದು.

"ನಾನೆಲ್ಲಿ ಒಯ್ದೆನಪ್ಪ? ಅದು ಮೊದ್ಲಿಂದ್ಲೂ ಅಲ್ಲೇ ಅದೆ," ಎಂದ ಗಂಗಾಧರಯ್ಯ.

"ಕಾನೂನಿಗೆ ಅದೆಲ್ಲ ಗೊತ್ತಾಗಲ್ಲ ಕಣಯ್ಯ. ನಿಮ್ಮೂರ ಓಟಿನ ಬೂತೂ ಅಲ್ಲೇ ಅಂತ ಲಿಸ್ಟ್ ಬಂದದೆ. ಅಲ್ಲೇ ಇದ್ರೂ ಕೇಸು, ತಕ್ಕಂಡು ಹೊರಗೆ ಬಂದ್ರೂ ಕೇಸು. ಒಂದು ಕೆಲ್ಸ ಮಾಡು. ಮನೆ ಖಾಲಿ ಮಾಡಿ ಅಂತ ಇಸ್ಕೂಲಿಗೆ ಒಂದು ಕಾಗದ ಕೊಟ್ಬುಡು. ಅವ್ರು ಹೊರಗೆ ಹೋದ್ರೆ ನಿನ್ನ ಮನೆ ನಿಂದು, ನಿನ್ನ ಕೋವಿ ನಿಂದು."

ಕಾಗದವನ್ನು ಅವನೇ ಬರೆದೂ ಕೊಟ್ಟ. ಗಂಗಾಧರಯ್ಯ ಅದನ್ನು ಅಂಗಿ ಜೇಬಿನಲ್ಲಿಟ್ಟುಕೊಂಡು ಬಸ್ಸು ಹತ್ತಿದ.

ಮುಂದಿನ ನಾಲ್ಕು ದಿನ ಅವನು ಪಟ್ಟ ಪಾಡು ಯಾರಿಗೂ ಬೇಡ. ಬೆಳಿಗ್ಗೆ ಕಾಗದ ಕೊಡಲೆಂದು ಕೊಬ್ಬರಿ ಮನೆಯ ಜಗಲಿಗೆ ಹೋಗುವುದು, ಒಳಗೆ ಮಕ್ಕಳು ಎದ್ದು ನಿಂತು "ನಮಸ್ಕಾರ ಅಜ್ಜಾ" ಎನ್ನುವುದು, ಇವನು ಕೋತಿ ಬಂದವೇನೋ ನೋಡಲು ಬಂದೆ ಎಂದು ಸುಳ್ಳು ಹೇಳಿ ತೋಟಕ್ಕೆ ಇಳಿಯುವುದು. ಶಾಲೆಗೆ ಹೋಗೆನ್ನಲು ಬಾಯಿಲ್ಲ, ಕೋವಿ ಮುಟ್ಟಲು ಕೈಯಿಲ್ಲ. ಊಟ ಸೇರಲಿಲ್ಲ. ಯಾರಾದರೂ ಪೊಲೀಸು ಎಂದರೆ ಸಾಕು, ಎದ್ದು ತೋಟಕ್ಕೆ ಹೋಗಿಬಿಡುತ್ತಿದ್ದ. ಐವತ್ತೆಂಟು ವರ್ಷ ಬಾಳಿದ ಊರಿನಲ್ಲಿ ವರ್ಷವರ್ಷ ತಾನೇ ಸುಣ್ಣ ಬಳಿದ ಮನೆಗೆ ಕಳ್ಳನ ಹಾಗೆ ಹೋಗಿಬರುವಂತಾಯಿತು.

ಐದನೆಯ ದಿನ ಜಗಲಿಯಲ್ಲಿ ಕೂತು ಮಗ್ಗಿ ಕೇಳುತ್ತಿದ್ದಾಗ ಇನ್ನೊಂದು ನೆನಪು ಬಂತು, ಅದು ಬರದಿದ್ದರೇ ಚೆನ್ನಾಗಿತ್ತು. ವೈಶಾಖದ ಆ ಬೆಳಿಗ್ಗೆ ಕೋತಿ ಬಂದಿದ್ದವು. ಮದ್ದು ಸುರಿದಿದ್ದ, ನಾರು ತುರುಕಿದ್ದ, ಕೇಪೂ ಇಟ್ಟಿದ್ದ. ಅಷ್ಟರಲ್ಲಿ ನಾಯಿ ಬೊಗಳಿ ಕೋತಿಗಳು ಓಡಿದ್ದವು. ಹೊಡೆದ ನೆನಪಿಲ್ಲ. ಕೇಪು ತೆಗೆದ ನೆನಪೂ ಇಲ್ಲ. ಹೊರಡುವ ಅವಸರದಲ್ಲಿ ತುಂಬಿದ ಕೋವಿಯನ್ನೇ ಗೋಣಿಯಲ್ಲಿ ಸುತ್ತಿಟ್ಟಿದ್ದ. ಗುಂಡಿಲ್ಲದಿದ್ದರೇನು, ಒಣಸಿಪ್ಪೆಯ ಅಟ್ಟ ಹೊತ್ತಿಕೊಳ್ಳಲು ಒಂದು ಕಿಡಿ ಸಾಕು. ಅದರ ಕೆಳಗೆ ಮೂವತ್ತೆರಡು ಮಕ್ಕಳು ಆರು ಎಂಟಲ ನಲವತ್ತೆಂಟು ಎನ್ನುತ್ತಿದ್ದವು. ಅಟ್ಟದ ಮೇಲೆ ಇಲಿ ಓಡಿ ಒಂದು ಕಾಯಿ ಉರುಳಿದ ಸದ್ದಿಗೆ ಗಂಗಾಧರಯ್ಯ ಎದ್ದು ನಿಂತುಬಿಟ್ಟ. ಕೇಸು, ಠಾಣೆ ಎಲ್ಲ ಆ ಹೊತ್ತಿಗೆ ಅವನಿಗೆ ಮರೆತೇ ಹೋಯಿತು.

ಹೊಂಬಾಳಮ್ಮನನ್ನು ಹೊರಗೆ ಕರೆದು ಎಲ್ಲವನ್ನೂ ಹೇಳಿದ. ಜೇಬಿನಲ್ಲಿದ್ದ ಕಾಗದದ ಸಂಗತಿಯನ್ನೂ ಬಿಡಲಿಲ್ಲ. ಆಕೆ ಬೈಯುತ್ತಾಳೆಂದುಕೊಂಡಿದ್ದ, ಬೈಯಲಿಲ್ಲ. ಮಕ್ಕಳನ್ನು ಆಗಲೇ ಎಬ್ಬಿಸಿ ಬೇವಿನ ಮರದ ಕೆಳಗೆ ಕೂರಿಸಿದಳು. ನಾಳೆ ಭಾನುವಾರ, ತೆಗೆದುಬಿಡಿ, ನಾನೂ ಬರುತ್ತೇನೆ ಎಂದಳು. ಕಾಗದವನ್ನು ಮಾತ್ರ ಕೇಳಿ ಇಸಿದುಕೊಂಡು ತನ್ನ ಚೀಲಕ್ಕೆ ಹಾಕಿಕೊಂಡಳು.

ಭಾನುವಾರ ಅವನು, ಸಿದ್ದಗಂಗಮ್ಮ, ಟೀಚರು ಮೂವರೇ. ಏಣಿಯನ್ನು ಹೊಂಬಾಳಮ್ಮ ಹಿಡಿದುಕೊಂಡಳು. ಅರ್ಧ ಒಣಗಿದ ಕಾಯನ್ನು ಗಂಗಾಧರಯ್ಯ ಒಂದು ಮಗ್ಗುಲಿಗೆ ಸರಿಸುತ್ತ ಹೋದ. ಒಂದೊಂದು ಕಾಯಿ ಉರುಳಿದಾಗಲೂ ಸಿದ್ದಗಂಗಮ್ಮ ಕೆಳಗಿನಿಂದ ಲೊಚಗುಟ್ಟುತ್ತಿದ್ದಳು, ಆ ವರ್ಷದ ಅರ್ಧ ಫಸಲು ಅವಳ ಕಣ್ಣೆದುರೇ ಹಾಳಾಗುತ್ತಿತ್ತು. ಮಧ್ಯಾಹ್ನದ ಹೊತ್ತಿಗೆ ಗೋಣಿ ಸಿಕ್ಕಿತು. ಕೇಪು ಇಟ್ಟ ಹಾಗೇ ಇತ್ತು. ಅದನ್ನು ಕಿತ್ತು, ನಳಿಗೆಯ ಬಾಯಿಂದ ಮದ್ದಿನ ಮೇಲೆ ನೀರು ಸುರಿದು, ಕೋವಿಯನ್ನು ಮಗುವಿನ ಹಾಗೆ ಎದೆಗವಚಿಕೊಂಡು ಇಳಿದ. ನೇರ ಠಾಣೆಗೆ ಹೋಗಿ ಒಪ್ಪಿಸಿಬಿಡುವುದೆಂದು ಮೂವರೂ ಮಾತಾಡಿಕೊಂಡಿದ್ದರು. ಬಾಗಿಲು ದಾಟಿ ಜಗಲಿಗೆ ಬಂದರೆ ಎದುರಿಗೆ ಜೀಪು ನಿಂತಿತ್ತು. ಬೂತು ನೋಡಿಕೊಂಡು ಹೋಗಲು ಬಂದ ಚುನಾವಣೆ ಸಾಹೇಬರು, ಜೊತೆಗೆ ಇಬ್ಬರು ಪೊಲೀಸರು. ಹಿಂದಿನ ದಿನ ಹೊಂಬಾಳಮ್ಮನೇ ತನ್ನ ಕೈಯಾರೆ ಬಾಗಿಲ ಮೇಲೆ ನೀಲಿ ಬಣ್ಣದಲ್ಲಿ ಸರ್ಕಾರಿ ಕಿರಿಯ ಪ್ರಾಥಮಿಕ ಶಾಲೆ ಎಂದು ಬರೆದಿದ್ದಳು, ಬೂತಿಗೆ ಹೆಸರು ಕಾಣಬೇಕೆಂದು ಚುನಾವಣೆ ಕಚೇರಿಯವರು ಹೇಳಿಕಳಿಸಿದ್ದರು. ಆ ಬರಹದ ಕೆಳಗೆ ಕೋವಿ ಹಿಡಿದು ನಿಂತಿದ್ದವನನ್ನು ನೋಡಿದವರಿಗೆ ಇನ್ನು ಯಾವ ವಿವರವೂ ಬೇಕಿರಲಿಲ್ಲ.

ಕೇಸು ಮೂರು ವರ್ಷ ನಡೆಯಿತು. ನಡೆಯಿತು ಎನ್ನುವುದಕ್ಕಿಂತ ನಿಂತಿತ್ತು ಎನ್ನಬೇಕು. ತಿಂಗಳಿಗೊಮ್ಮೆ ಬೆಳಗಿನ ಬಸ್ಸಿಗೆ ತುರುವೇಕೆರೆ, ಕೋರ್ಟಿನ ಹುಣಸೆ ಮರದ ಕೆಳಗೆ ಸಂಜೆ ತನಕ ಕಾಯುವುದು, ಜವಾನ ಹೆಸರು ಕೂಗುವುದು, ಇನ್ನೊಂದು ತಾರೀಕು. ಸರ್ಕಾರದ ಕಡೆಯ ಸಾಕ್ಷಿ ಹೊಂಬಾಳಮ್ಮ. ಏಣಿ ಹಿಡಿದವಳೇ ವಿರುದ್ಧ ಸಾಕ್ಷಿ ಹೇಳಬೇಕು, ಇಲ್ಲದಿದ್ದರೆ ನೌಕರಿಗೆ ಕುತ್ತು. ಆಕೆಯೂ ಅದೇ ಬಸ್ಸಿಗೆ ಬರುತ್ತಿದ್ದಳು. ಇಬ್ಬರೂ ಮಾತಾಡುವಂತಿರಲಿಲ್ಲ, ಒಂದೇ ಮರದ ಕೆಳಗೆ ಆಚೆ ಈಚೆ ಕೂರುತ್ತಿದ್ದರು. ಇತ್ತ ಕೋತಿಗಳು, ಕೋವಿ ಹೋದ ಸುದ್ದಿಯನ್ನು ಯಾರೋ ಮುಟ್ಟಿಸಿದ ಹಾಗೆ, ತೋಟದಲ್ಲೇ ಬಿಡಾರ ಹೂಡಿದವು. ಗಂಗಾಧರಯ್ಯ ಡಬ್ಬ ಬಡಿದರೆ ಅವು ಅಲ್ಲೇ ಕೂತು ನೋಡುತ್ತಿದ್ದವು.

ವಕೀಲ ತೋಂಟದಾರ್ಯ ಬುದ್ಧಿವಂತ. ಕಾಗದಪತ್ರವನ್ನೆಲ್ಲ ತಿರುವಿಹಾಕಿ, ಬಿಡುಗಡೆಗೆ ದಾರಿಯಿದೆ ಎಂದ. ಕೊಬ್ಬರಿ ಮನೆಯಲ್ಲಿ ಶಾಲೆ ನಡೆಸಲು ಯಾವ ಆರ್ಡರೂ ಇಲ್ಲ. ಸರ್ಕಾರದ ದಾಖಲೆಯಲ್ಲಿ ಶಾಲೆ ಇವತ್ತಿಗೂ ಆ ಕುಸಿದ ಕಟ್ಟಡದಲ್ಲೇ ಇದೆ. ಬಾಗಿಲ ಮೇಲೆ ಯಾರೋ ಬಣ್ಣದಲ್ಲಿ ಬರೆದ ಮಾತ್ರಕ್ಕೆ ಅದು ಶಾಲೆಯಾಗುವುದಿಲ್ಲ. ಶಾಲೆಯೇ ಅಲ್ಲವೆಂದ ಮೇಲೆ ತನ್ನ ಮನೆಯಲ್ಲಿ ತನ್ನ ಲೈಸೆನ್ಸಿನ ಕೋವಿ ಇಟ್ಟವನ ತಪ್ಪೇನು?

ಗಂಗಾಧರಯ್ಯ ಯೋಚಿಸಿ ಕೇಳಿದ. "ಹಂಗಂತ ಕೋರ್ಟ್ನಲ್ಲಿ ಬರೆದ್ಬುಟ್ರೆ ಟೀಚರಮ್ಮಂಗೆ ಏನಾಯ್ತದೆ?"

ಆರ್ಡರಿಲ್ಲದೆ ಮಕ್ಕಳನ್ನು ಬೇರೆಡೆ ಕೂರಿಸಿ ಹಾಜರಿ ಹಾಕಿದ್ದಕ್ಕೆ ಇಲಾಖೆ ವಿಚಾರಣೆ ಮಾಡಬಹುದು, ಶಾಲೆಗೆ ಬೀಗ ಬೀಳಬಹುದು, ಅದು ನಮ್ಮ ಕೇಸಲ್ಲ ಎಂದ ವಕೀಲ. ಅವನ ಮಾತು ಸುಳ್ಳಲ್ಲ, ಅದೇ ಕಷ್ಟ. ಗಂಗಾಧರಯ್ಯ ಆಗಲಿ ಎಂದೂ ಹೇಳಲಿಲ್ಲ, ಬೇಡ ಎಂದೂ ಹೇಳಲಿಲ್ಲ. ಜೈಲೆಂದರೆ ಅವನಿಗೆ ಹೆದರಿಕೆಯಿತ್ತು. ಸಿದ್ದಗಂಗಮ್ಮ ಒಬ್ಬಳೇ ತೋಟ ನೋಡಿಕೊಳ್ಳುವುದನ್ನು ನೆನೆದರೆ ನಿದ್ದೆ ಬರುತ್ತಿರಲಿಲ್ಲ. ಎರಡು ತಾರೀಕುಗಳನ್ನು ಹೀಗೇ ಕಳೆದ.

ಎಂಬತ್ತೇಳರ ಕಾರ್ತಿಕದಲ್ಲಿ ವಿಚಾರಣೆ ಬಂತು. ಹೊಂಬಾಳಮ್ಮ ಕಟಕಟೆಯಲ್ಲಿ ನಿಂತು ಕಂಡದ್ದನ್ನು ಕಂಡ ಹಾಗೆ ಹೇಳಿದಳು. ಕೋವಿಯಿತ್ತು, ಕೆಳಗೆ ಇಳಿಸಿದರು, ನಾನೇ ಏಣಿ ಹಿಡಿದೆ. ಆಮೇಲೆ ತೋಂಟದಾರ್ಯ ಎದ್ದ. ಆ ಮನೆಯಲ್ಲಿ ಶಾಲೆ ನಡೆಸಲು ನಿಮಗೆ ಬರಹದಲ್ಲಿ ಅಪ್ಪಣೆಯಿತ್ತೇ ಎಂದು ಕೇಳಿದ. ಇಲ್ಲ ಎಂದಳು ಆಕೆ. ಅಪ್ಪಣೆಯಿಲ್ಲವೆಂದ ಮೇಲೆ ಅದು ಶಾಲೆಯೇ ಅಲ್ಲ, ಹೌದೋ ಇಲ್ಲವೋ ಎಂದು ಮತ್ತೆ ಕೇಳಿದ. ಆಕೆಯ ಕೈ ಕಟಕಟೆಯ ಮರವನ್ನು ಬಿಗಿಯಾಗಿ ಹಿಡಿದಿತ್ತು. ಏಣಿಯನ್ನೂ ಹೀಗೇ ಹಿಡಿದಿದ್ದಳಲ್ಲ ಎಂದು ಗಂಗಾಧರಯ್ಯನಿಗೆ ಅನ್ನಿಸಿತು.

"ಆಯಮ್ಮನ್ನ ಬುಡಿ ಸ್ವಾಮಿ," ಎಂದ ಅವನು, ತನ್ನ ಜಾಗದಲ್ಲೇ ಎದ್ದು ನಿಂತು.

ವಕೀಲ ತಿರುಗಿ ಸುಮ್ಮನಿರುವಂತೆ ಕಣ್ಣು ಮಾಡಿದ. ನ್ಯಾಯಾಧೀಶರು ಮಾತ್ರ ಹೇಳಲಿ ಎಂದರು.

"ಅದು ಇಸ್ಕೂಲೇ ಸ್ವಾಮಿ. ಮೂವತ್ತೆರಡು ಮಕ್ಳು ಓದ್ತವೆ. ಕೋವಿ ಇಸ್ಕೂಲಿಗೆ ಬರ್ಲಿಲ್ಲ, ಇಸ್ಕೂಲೇ ಕೋವಿ ಇದ್ದಲ್ಲಿಗೆ ಬಂತು. ಬಂದಾಗ ತೆಗಿಬೇಕಾಗಿತ್ತು, ನಾನು ತೆಗಿಲಿಲ್ಲ. ತಪ್ಪು ನಂದು."

ತೋಂಟದಾರ್ಯ ಕಾಗದಗಳನ್ನು ಮಡಿಸಿಟ್ಟ. ಇದಾದ ಮೇಲೆ ವಕೀಲರಿಗೆ ಮಾಡಲು ಏನು ಉಳಿಯುತ್ತದೆ? ತಪ್ಪೊಪ್ಪಿಗೆ ಬರೆದುಕೊಂಡರು. ಲೈಸೆನ್ಸು ರದ್ದು, ಕೋವಿ ಸರ್ಕಾರಕ್ಕೆ, ಒಂದಿಷ್ಟು ದಂಡ, ಆವತ್ತು ಕೋರ್ಟು ಏಳುವ ತನಕ ಅಲ್ಲೇ ಕೂತಿರುವ ಶಿಕ್ಷೆ. ಜೈಲೆಂದು ಮೂರು ವರ್ಷ ಹೆದರಿದ್ದವನಿಗೆ ಕೊನೆಗೆ ಸಿಕ್ಕಿದ್ದು ಗೋಡೆಬದಿಯ ಒಂದು ಬೆಂಚು. ಆದರೂ ಆ ಬೆಂಚು ಅವನಿಗೆ ಹಗುರವಾಗಿರಲಿಲ್ಲ. ಅಪ್ಪನ ಕೋವಿಯನ್ನು ಕಳೆದವನು ತಾನು ಎಂಬ ಸಂಕಟವಿತ್ತು. ಬೇರೆಯವರ ಕೇಸುಗಳು ಒಂದರ ಮೇಲೊಂದು ಬಂದು ಹೋದವು. ನೀರು ಕುಡಿಯಲು ಏಳಬಹುದೋ ಬಾರದೋ ತಿಳಿಯದೆ ಅವನು ಏಳಲೇ ಇಲ್ಲ.

ಸಾಕ್ಷಿ ಮುಗಿದವಳು ಹೊರಟುಹೋಗಬಹುದಿತ್ತು. ಹೊಂಬಾಳಮ್ಮ ಹೋಗಲಿಲ್ಲ. ಬಂದು ಅದೇ ಬೆಂಚಿನ ಇನ್ನೊಂದು ತುದಿಯಲ್ಲಿ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಕೂತಳು. ಸಂಜೆ ನ್ಯಾಯಾಧೀಶರು ಎದ್ದರು, ವಕೀಲರು ಎದ್ದರು, ಜವಾನ ಕಿಟಕಿ ಮುಚ್ಚತೊಡಗಿದ. ಗಂಗಾಧರಯ್ಯ ಕೂತೇ ಇದ್ದ. ಇನ್ನು ಏಳಬಹುದು ಎಂದು ಯಾರೂ ಅವನಿಗೆ ಹೇಳಿರಲಿಲ್ಲ.

"ಏಳಿ ಗಂಗಾಧರಯ್ಯನೋರೆ," ಎಂದಳು ಹೊಂಬಾಳಮ್ಮ. "ಬಸ್ಸಿಗೆ ಹೊತ್ತಾಯ್ತು. ನಾಳೆ ಇಸ್ಕೂಲದೆ."